ನೀರಿನ ಕಲ್ಲು

ನಮ್ಮಪ್ಪ ಮುರುಗೇಶಪ್ಪ ಹೊಸದುರ್ಗ ತಾಲ್ಲೂಕಿನಿಂದ ಮೈಸೂರಿನ ಪ್ರಜಾಪ್ರತಿನಿಧಿ ಸಭೆಗೆ ಹನ್ನೊಂದು ವರ್ಷ ಮೆಂಬರಾಗಿದ್ದ. ಅವನು ತೀರಿಕೊಂಡಾಗ ಹೊಳಲ್ಕೆರೆ, ಹಿರಿಯೂರು, ದುರ್ಗದ ಕಡೆಯಿಂದೆಲ್ಲ ಜನ ಗಾಡಿ ಕಟ್ಟಿಕೊಂಡು ಬಂದರು. ಅವರು ಆಡಿದ ಹೊಗಳಿಕೆಯನ್ನು ಮೂರು ದಿನ ಬಾಗಿಲ ಹಿಂದೆ ಕೂತು ಕೇಳಿದೆ. ನಾಲ್ಕು ಊರಿಗೆ ಬಾವಿ ತೋಡಿಸಿದ್ದು, ರೈಲು ಸ್ಟೇಷನ್ನಿನ ದಾರಿಗೆ ಜಲ್ಲಿ ಹಾಕಿಸಿದ್ದು, ಹೆಣ್ಣುಮಕ್ಕಳ ಶಾಲೆಗೆ ಅರ್ಜಿ ಹಾಕಿದ್ದು, ಎಲ್ಲಾ ನಿಜ. ಆದರೆ ಪ್ರತಿಯೊಬ್ಬರೂ ಕೊನೆಗೆ ಬಂದು ನಿಲ್ಲುತ್ತಿದ್ದದ್ದು ಕಲ್ಲಿನ ಕತೆಗೆ. "ನೀರಿನ ಕಲ್ಲನ್ನೇ ಕೀಳಿಸಿದ ಗಂಡು" ಎನ್ನುತ್ತಿದ್ದರು. ಹಾಗಂದವರು ನನ್ನ ಕಡೆ ಒಂದು ಸಲ ನೋಡಿ ಬಾಯಿ ಮುಚ್ಚುತ್ತಿದ್ದರು.

ಆ ನೋಟ ಯಾಕೆಂದು ನಮ್ಮ ಬೇವಿನಹಾಳಿನಲ್ಲಿ ಎಲ್ಲರಿಗೂ ಗೊತ್ತು. ನಿಮಗೆ ಗೊತ್ತಿಲ್ಲವಾದ್ದರಿಂದ ಬರೆಯುತ್ತಿದ್ದೇನೆ. ನನಗೆ ಸಿಟ್ಟು ಬೇಗ, ಅದನ್ನು ಮೊದಲೇ ಹೇಳಿಬಿಡುತ್ತೇನೆ.

ನಾನು ಮರುಳಸಿದ್ದಮ್ಮ. ಚಿಕ್ಕಂದಿನಲ್ಲಿ ದುರ್ಗದಲ್ಲಿ ಸೋದರಮಾವನ ಮನೆಯಲ್ಲಿದ್ದು ಅಕ್ಷರ ಕಲಿತೆ. ಹತ್ತೊಂಬತ್ತಕ್ಕೆ ಗಂಡ ಸತ್ತು ತವರಿಗೆ ವಾಪಸ್ಸು ಬಂದೆ. "ಓದಿದ ಹೆಣ್ಣು ಗಂಡನ್ನ ತಿಂದ್ಕೊಂಡ್ಲು" ಎಂದು ಊರು ಆಡಿಕೊಂಡಿತು. ಅಪ್ಪ ಮಾತ್ರ ಹಾಗೆ ಅನ್ನಲಿಲ್ಲ. ಅವನು ಊರಿನ ಪಟೇಲ, ಮೆಂಬರಾದ ಹೊಸತು, ಅವನಿಗೆ ಅರ್ಜಿ ಬರೆಯಲು ಒಂದು ಕೈ ಬೇಕಿತ್ತು. ಓದಲು ಬಾರದವನೇನಲ್ಲ, ಅಕ್ಷರಕ್ಕೆ ಅಕ್ಷರ ಕೂಡಿಸಿ ಒಂದು ಸಾಲು ಮುಗಿಸುವ ಹೊತ್ತಿಗೆ ಎತ್ತು ಎರಡು ಸಾಲು ಉತ್ತು ಬರುತ್ತಿತ್ತು, ಅಷ್ಟೆ. ಹೀಗಾಗಿ ಹೊಸದುರ್ಗ ತಾಲ್ಲೂಕಿನ ಕಷ್ಟಸುಖವೆಲ್ಲ ನನ್ನ ಬೆರಳಿನಿಂದ ಇಳಿದು ಮೈಸೂರಿಗೆ ಹೋಗುತ್ತಿತ್ತು. ಆ ಹೆಮ್ಮೆ ನನಗೂ ಇತ್ತು, ಸುಳ್ಳು ಯಾಕೆ ಹೇಳಲಿ.

ಮೈಸೂರಿನ ಹಳೆ ಅರಮನೆ ಸುಟ್ಟ ಮೂರನೆಯ ವರ್ಷ. ಹಿರಿಯೂರಿನ ಹತ್ತಿರ ಕಣಿವೆಯಲ್ಲಿ ವೇದಾವತಿಗೆ ಅಡ್ಡ ಕಟ್ಟೆ ಕಟ್ಟುವ ಕೆಲಸ ನಡೆದಿತ್ತು. ಹಿನ್ನೀರು ಎಲ್ಲಿಯವರೆಗೆ ಬರುತ್ತದೆಂದು ಅಳತೆಯವರು ದುರ್ಬೀನು ಇಟ್ಟು ನೋಡಿ, ನಮ್ಮ ಕಡೆಯೆಲ್ಲ ಸುಣ್ಣ ಬಳಿದ ಗುರುತಿನ ಕಲ್ಲು ನೆಟ್ಟುಕೊಂಡು ಹೋದರು. ನಮ್ಮೂರು ದಿಣ್ಣೆಯ ಮೇಲಿದೆ, ಊರಿಗೆ ಭಯವಿರಲಿಲ್ಲ. ಆದರೆ ಹೊಳೆಯ ಕಡೆ ಇಳಿಜಾರಿನಲ್ಲಿದ್ದ ನಮ್ಮ ರುದ್ರಭೂಮಿಯ ಮೇಲಿನ ಅಂಚಿನಲ್ಲಿ ಒಂದು ಕಲ್ಲು ನಿಂತಿತು. ಅಂದರೆ ರುದ್ರಭೂಮಿ ಪೂರ್ತಿ ನೀರಿಗೆ.

ನಾವು ಸತ್ತವರನ್ನು ಸುಡುವುದಿಲ್ಲ. ಸ್ನಾನ ಮಾಡಿಸಿ, ವಿಭೂತಿ ಹಚ್ಚಿ, ಎಡಗೈಯಲ್ಲಿ ಲಿಂಗ ಇಟ್ಟು ಮಣ್ಣಿನಲ್ಲಿ ಕೂರಿಸುತ್ತೇವೆ. ನಮ್ಮ ಪಾಲಿಗೆ ಅವರೆಲ್ಲ ಅಲ್ಲಿ ಕೂತೇ ಇರುತ್ತಾರೆ. ಕೂತವರ ಮೇಲೆ ನೀರು ಬಿಡುವುದೆಂದರೆ ಏನೆಂದು ಊರಿಗೆ ಊರೇ ಚಾವಡಿಯಲ್ಲಿ ಸೇರಿ ಅತ್ತಿತು.

ಅಪ್ಪ ಎಂದ, "ಅಳಬ್ಯಾಡ್ರಿ. ಕಲ್ಲು ಕೀಳಿಸ್ತೀನಿ."

ನಮ್ಮ ಸೀಮೆಯಲ್ಲಿ ಹೊಲದ ಜಗಳವೆಲ್ಲ ಕಲ್ಲಿನ ಜಗಳ. ಬಾಂದುಕಲ್ಲು ಎಲ್ಲಿಯೋ ಹೊಲ ಅಲ್ಲಿಯವರೆಗೆ. ಕಲ್ಲು ಹತ್ತು ಮಾರು ಆಚೆ ಹೋದರೆ ಹೊಲವೂ ಹತ್ತು ಮಾರು ಆಚೆ ಹೋಯಿತು. ಅಪ್ಪ ಪಟೇಲನಾಗಿ ಇಪ್ಪತ್ತು ವರ್ಷ ಇಂಥ ಕಲ್ಲುಗಳನ್ನೇ ಕಿತ್ತು ನೆಟ್ಟು ನ್ಯಾಯ ಹೇಳಿದವನು. ನೀರಿನ ಕಲ್ಲೂ ಅಂಥದ್ದೇ ಎಂದು ಅವನೂ ನಂಬಿದ, ಊರೂ ನಂಬಿತು, ಅರ್ಜಿ ಬರೆಯುವಾಗ ನಾನೂ ನಂಬಿದೆ.

ದುರ್ಗದ ದಿಲಾವರ್ ಸಾಬರು ಅಪ್ಪನಿಗೆ ಹೊಸ ಕರಿ ಕೋಟು ಹೊಲಿದುಕೊಟ್ಟರು. ಮೊಣಕಾಲು ದಾಟುವ ಉದ್ದದ ಕೋಟು. ಅದನ್ನು ಹಾಕಿಕೊಂಡು, ರುಮಾಲು ಸುತ್ತಿಕೊಂಡು, ಹೊಸದುರ್ಗ ರೋಡ್ ಸ್ಟೇಷನ್ನಿನಲ್ಲಿ ರೈಲು ಹತ್ತಿ ದಸರಾಕ್ಕೆ ಮೈಸೂರಿಗೆ ಹೋದ. ಟೌನ್ ಹಾಲಿನಲ್ಲಿ ಸಾಲುಸಾಲು ಕುರ್ಚಿ, ತಾಲ್ಲೂಕಿನ ಹೆಸರು ಕೂಗಿದರೆ ಮೆಂಬರು ಎದ್ದು ಅರಿಕೆ ಮಾಡಬೇಕು. "ಹೊಸದುರ್ಗ ತಾಲ್ಲೂಕು" ಎಂದರಂತೆ. ಅಪ್ಪ ಎದ್ದು, ನಾನು ಬಾಯಿಪಾಠ ಮಾಡಿಸಿದ್ದನ್ನು ಒಂದು ಅಕ್ಷರ ಬಿಡದೆ ಹೇಳಿದನಂತೆ. "ನಮ್ಮ ಹಿರಿಯರು ಕೂತ ಜಾಗದಲ್ಲಿ ಆ ಕಲ್ಲು ನಿಂತಿರುವುದನ್ನು ನೋಡಿ ನಮ್ಮ ಕರುಳು ಕಿತ್ತುಬರುತ್ತದೆ" ಎಂಬಲ್ಲಿ ಅವನ ದನಿ ನಡುಗಿತಂತೆ. ಆ ಮಾತು ನನ್ನದು.

ಸಂಕ್ರಾಂತಿ ಕಳೆದ ಮೇಲೆ ಕಚೇರಿಯ ಜವಾನ ಹುಕುಂ ತಂದ. ಊರೆಲ್ಲ ಚಾವಡಿಗೆ ಬಂತು. ಅಪ್ಪ ಕಾಗದವನ್ನು ನನ್ನ ಕೈಗಿಟ್ಟು "ಓದು ಮಗಳೆ" ಎಂದ. ಹೆಣ್ಣೊಬ್ಬಳು ಚಾವಡಿ ಕಟ್ಟೆಯ ಮೇಲೆ ನಿಂತು ಓದಿದ್ದು ಅದೇ ಮೊದಲು. ನಾನು ದೊಡ್ಡ ದನಿಯಲ್ಲಿ ಓದಿದೆ.

"ಬೇವಿನಹಾಳು ರುದ್ರಭೂಮಿಯಲ್ಲಿ ನೆಟ್ಟಿರುವ ಗುರುತಿನ ಕಲ್ಲಿನಿಂದ ರೈತರ ಮನಸ್ಸಿಗೆ ನೋವಾಗುವುದೆಂಬ ಮೆಂಬರರ ಅರಿಕೆಯನ್ನು ಮನ್ನಿಸಿ, ಸದರಿ ಕಲ್ಲನ್ನು ಅಲ್ಲಿಂದ ತೆಗೆಯಲು ಅಪ್ಪಣೆಯಾಗಿದೆ."

ಅಷ್ಟಕ್ಕೇ ಜನ ಹೋ ಎಂದರು. ಯಾರೋ ಅಪ್ಪನನ್ನು ಎತ್ತಿಕೊಂಡರು. ಕೆಳಗೆ ಇನ್ನೊಂದು ಪ್ಯಾರಾ ಇತ್ತು. ನಾನು "ಆದರೆ ನಕ್ಷೆಯಲ್ಲಿ ಕಾಣಿಸಿರುವ..." ಎಂದು ಶುರುಮಾಡಿದೆ. ಅಪ್ಪ ಕೆಳಗಿಳಿದು ಬಂದು ಕಾಗದದ ಮೇಲೆ ಅಂಗೈ ಇಟ್ಟ.

"ಸಾಕು ಮಗಳೆ. ಉಳಿದಿದ್ದು ಕಚೇರಿ ಮಾತು."

ನಾನು ನಿಲ್ಲಿಸಿದೆ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಅನ್ನುತ್ತಾರೆ. ಆಡದೆ ಬಿಟ್ಟ ಮಾತಿನಿಂದ ಏನೇನು ಹೋಗುತ್ತದೆಂದು ಯಾರೂ ಗಾದೆ ಕಟ್ಟಿಲ್ಲ.

ಮನೆಗೆ ಬಂದ ಮೇಲೆ ಅಡುಗೆಮನೆಯ ಬಾಗಿಲು ಮುಂದೆ ಮಾಡಿ ಪೂರ್ತಿ ಓದಿ ಹೇಳಿದೆ. "ಆದರೆ ನಕ್ಷೆಯಲ್ಲಿ ಕಾಣಿಸಿರುವ ನೀರಿನ ಮಟ್ಟದಲ್ಲಿ ಯಾವ ಬದಲಾವಣೆಯೂ ಇರುವುದಿಲ್ಲ. ರುದ್ರಭೂಮಿಗೆ ಬದಲಾಗಿ ಊರ ಮೇಲಿನ ಮರಡಿಯಲ್ಲಿ ಎರಡು ಎಕರೆ ಕೊಡಲಾಗಿದೆ. ಸಮಾಧಿಗಳನ್ನು ಸಾಗಿಸಲು ಇಷ್ಟವುಳ್ಳವರು ನೀರು ಬರುವುದರೊಳಗೆ ಸಾಗಿಸಿಕೊಳ್ಳತಕ್ಕದ್ದು."

ಅಪ್ಪ ಇನ್ನೊಂದು ಸಲ ಓದಿಸಿದ. ಕಾಗದ ಮಡಿಚಿ ಪೆಟ್ಟಿಗೆಯ ತಳಕ್ಕೆ ಇಟ್ಟ. "ಕಟ್ಟೆ ಮುಗಿಯಾಕೆ ಇನ್ನಾ ಎಷ್ಟು ವರ್ಸ ಬೇಕೋ. ಮುಗುದ್ರೂ ಈ ಸೀಮೆ ಮಳಿಗೆ ಅದು ತುಂಬ್ತೈತಾ? ಹೊತ್ತು ನೋಡಿ ನಾನೇ ಜನಕ್ಕೆ ಹೇಳ್ತೀನಿ. ನೀನು ಬಾಯಿ ಬಿಡಬ್ಯಾಡ" ಎಂದ.

ಮರುದಿನ ತೆಂಗಿನಕಾಯಿ ಒಡೆದು, ಕಲ್ಲನ್ನು ಕಿತ್ತು, ಡೊಳ್ಳು ಬಡಿದುಕೊಂಡು ಹೊತ್ತೊಯ್ದು ರುದ್ರಭೂಮಿಯ ಕೆಳಗೆ ಹೊಳೆದಂಡೆಯ ಹುಣಸೆಮರದ ಬುಡದಲ್ಲಿ ನೆಟ್ಟರು. ಹುಕುಮಿನಲ್ಲಿ ತೆಗೆಯಿರಿ ಎಂದಿತ್ತೇ ಹೊರತು ಅಲ್ಲಿ ನೆಡಿ ಎಂದಿರಲಿಲ್ಲ. ಆದರೆ ಕಿತ್ತ ಕಲ್ಲನ್ನು ಎಲ್ಲಾದರೂ ನೆಡದಿದ್ದರೆ ನಮ್ಮವರಿಗೆ ಸಮಾಧಾನವಿಲ್ಲ. ಪಕ್ಕದ ಗೊಲ್ಲರ ಹಟ್ಟಿಯ ಜುಂಜಯ್ಯ ಕುರಿ ಬಿಟ್ಟುಕೊಂಡು ನಿಂತು ಎಲ್ಲವನ್ನೂ ನೋಡುತ್ತಿದ್ದ. ಕೊನೆಗೆ ಕೇಳಿದ, "ಕಲ್ಲು ಕೆಳಗಿಳಿಸಿದ್ದು ಸರಿ ಗೌಡ್ರೆ. ಅತ್ಲಾಗೆ ಕಟ್ಟೇನೂ ಒಂದೀಟು ತಗ್ಸವ್ರಾ?"

ಜನ ಬಿದ್ದು ಬಿದ್ದು ನಕ್ಕರು. ಅಪ್ಪನೂ ನಕ್ಕ. ನಾನು ಕಲ್ಲು ಕಿತ್ತ ಗುಂಡಿಯ ಕಡೆ ನೋಡಿದೆ.

ಇನ್ನು ನನ್ನ ಅವ್ವನ ವಿಷಯ. ಅವಳು ವೀರಮ್ಮ, ಭರಮಸಾಗರದ ಹೆಣ್ಣು. ಅವಳಿಗೆ ಏಳು ವರ್ಷವಾಗಿದ್ದಾಗ ಅವಳ ತಮ್ಮ ಅವಳ ಕಣ್ಣೆದುರಿಗೇ ಅಲ್ಲಿನ ದೊಡ್ಡ ಕೆರೆಯಲ್ಲಿ ಮುಳುಗಿ ಸತ್ತಿದ್ದ. ಅಂದಿನಿಂದ ಅವಳು ಕೆರೆಯ ಮೆಟ್ಟಿಲು ಇಳಿದವಳಲ್ಲ. ನಮ್ಮೂರಿಗೆ ಮದುವೆಯಾಗಿ ಬಂದಾಗ ಎಲ್ಲರೂ ನೀರಿಲ್ಲದ ಊರು ಎಂದು ಮರುಗಿದರೆ, ಅವಳೊಬ್ಬಳೇ "ಅದೇ ಒಂದು ನೆಮ್ಮದಿ" ಎಂದಿದ್ದಳಂತೆ. ಬೇಸಿಗೆಯಲ್ಲಿ ಮರಳಷ್ಟೇ ಉಳಿಯುವ ಹೊಳೆಯನ್ನೂ ಅವಳು ದೂರದಿಂದಲೇ ನೋಡುತ್ತಿದ್ದಳು.

ಕಲ್ಲು ಸರಿದ ಎರಡನೆಯ ವರ್ಷ ಪ್ಲೇಗು ಬಂತು. ಊರು ಖಾಲಿ ಮಾಡಿ ಹೊಲದಲ್ಲಿ ಗುಡಿಸಲು ಹಾಕಿಕೊಂಡೆವು. ಅವ್ವನ ಕಂಕುಳಲ್ಲಿ ಗಡ್ಡೆ ಎದ್ದಿತು. ಮೂರನೆಯ ದಿನ ಮಧ್ಯಾಹ್ನ, ಬಿಸಿಲು ಧಗಧಗ ಅನ್ನುವಾಗ, ಅವಳು ನನ್ನ ಕೈ ಹಿಡಿದು ಹತ್ತಿರಕ್ಕೆ ಎಳೆದುಕೊಂಡಳು. ಅಪ್ಪ ಆಚೆ ತಡಿಕೆಗೆ ಒರಗಿ ನಿಂತಿದ್ದ.

"ನನ್ನ ಎಲ್ಲಿ ಕುಂದ್ರುಸ್ತೀರಿ?"

"ಅಜ್ಜಿ ಪಕ್ಕದಾಗವ್ವ."

"ಅಲ್ಲಿಗೆ ನೀರು ಬರಲ್ಲ ತಾನೆ?"

ನಾನು ಅಪ್ಪನ ಕಡೆ ನೋಡಿದೆ. ಅಪ್ಪ ನೆಲ ನೋಡಿದ.

"ನಿಮ್ಮಪ್ಪನ್ನ ಕೇಳ್ತಿಲ್ಲ. ನೀನು ಓದಿದೋಳು. ಕಾಗದದಾಗೆ ಹಂಗೇ ಬರದೈತಾ?"

"ಹಂಗೇ ಐತವ್ವ" ಎಂದೆ.

ಅವಳು ಕೈ ಬಿಟ್ಟಳು. ಹೊತ್ತು ಮುಳುಗುವ ಮೊದಲೇ ಹೋದಳು.

ಮರಡಿ ಗುಡ್ಡದ ಮೇಲೆ ಎರಡು ಎಕರೆ ಒಣ ನೆಲವಿತ್ತು. ನಾನು ಅಪ್ಪನ ಕಾಲು ಹಿಡಿದುಕೊಂಡೆ. "ಅವ್ವನ್ನಾದ್ರೂ ಅಲ್ಲಿ ಕುಂದ್ರಿಸಾಣಪ್ಪಾ, ಯಾವ್ದಾದ್ರೂ ನೆಪ ಹೇಳು" ಎಂದೆ. ಅಪ್ಪನ ಕಣ್ಣಲ್ಲಿ ನೀರಿತ್ತು, ಇರಲಿಲ್ಲವೆಂದು ನಾನು ಹೇಳುವುದಿಲ್ಲ. ಆದರೆ ಅವನೆಂದ, "ಮೆಂಬ್ರು ಹೆಂಡ್ತೀನ ಮರಡಿ ಮೇಲೆ ಮಣ್ಣು ಮಾಡಿದ್ರೆ, ಊರು ಯಾಕೆ ಅಂತ ಕೇಳಲ್ವೇನೆ?" ಊರು ಕೇಳುತ್ತಿತ್ತು, ನಿಜ. ಕೇಳಲಿ ಎಂದು ಅವನಿಗೆ ಅನ್ನಿಸಲಿಲ್ಲ. ಬಾಯಿಬಿಟ್ಟು ಕೂಗಿ ಹೇಳಬೇಕೆಂದು ನನಗೂ ಅನ್ನಿಸಲಿಲ್ಲ. ಅವ್ವನನ್ನು ಇಳಿಜಾರಿನಲ್ಲೇ ಕೂರಿಸಿದೆವು. ಆ ವರ್ಷ ಊರಿನ ಹದಿನಾಲ್ಕು ಜನ ಅಲ್ಲಿಗೇ ಹೋದರು. ಮೆಂಬರ ಹೆಂಡತಿಯೇ ಅಲ್ಲಿರುವಾಗ ಉಳಿದವರಿಗೇನು ಅನುಮಾನ?

ಮುಂದಿನ ವರ್ಷಗಳಲ್ಲಿ ಕಟ್ಟೆ ಎದ್ದಿತು. ಒಂದು ವರ್ಷ ಮೇಲಿನ ಸೀಮೆಯಲ್ಲಿ ಮಳೆ ಜೋರು ಹಿಡಿಯಿತು. ಅಪ್ಪ ದಸರಾಕ್ಕೆ ಮೈಸೂರಿನಲ್ಲಿದ್ದಾಗ ಹಿನ್ನೀರು ನಮ್ಮ ಕಡೆ ಬಂತು. ಹೊಳೆಯ ಹಾಗೆ ಸದ್ದು ಮಾಡಿಕೊಂಡು ಬರಲಿಲ್ಲ. ಹೊಟ್ಟು, ಕುರಿಹಿಕ್ಕೆ, ಒಣಗಿದ ಎಲೆ ಹೊತ್ತುಕೊಂಡು ದಿನಕ್ಕೆ ಒಂದು ಮೊಳ ತೆವಳಿ ಬಂತು. ಮೊದಲ ದಿನ ಹುಣಸೆಮರದ ಬುಡದ ಕಲ್ಲು, ಅದಕ್ಕೆ ಹಚ್ಚಿದ್ದ ಕುಂಕುಮದ ಸಮೇತ ಮುಳುಗಿತು. ಐದನೆಯ ದಿನ ಬೆಳಗ್ಗೆ ಅವ್ವನ ಗದ್ದುಗೆಗೆ ಒಂದು ಗೇಣು ಉಳಿದಿತ್ತು. ನಾನು ಹುಚ್ಚಿಯ ಹಾಗೆ ಎರಡೂ ಕೈಯಲ್ಲಿ ಮಣ್ಣು ಬಾಚಿ ಒಡ್ಡು ಹಾಕಿದೆ. ಮಧ್ಯಾಹ್ನದ ಹೊತ್ತಿಗೆ ಒಡ್ಡು ಕರಗಿತ್ತು. ದಡದ ಮೇಲೆ ಊರೆಲ್ಲ ನಿಂತು ಗೋಳಾಡಿತು. ಯಾರೂ ಅಪ್ಪನನ್ನು ಬಯ್ಯಲಿಲ್ಲ. "ಸರ್ಕಾರ ಮಾತಿಗೆ ತಪ್ತು. ಗೌಡ್ರು ಕಲ್ಲು ಕೀಳಿಸಿದ್ರೂ ನೀರು ಬಿಟ್ರು" ಎಂದರು. ಅಪ್ಪ ಬಂದ ದಿನ ಹಾರ ಹಾಕಿ ಕರೆತಂದರು. ಅವನು ಹಾರ ಹಾಕಿಕೊಂಡೇ ದಡಕ್ಕೆ ಹೋಗಿ ನಿಂತು, ಬಹಳ ಹೊತ್ತಾದ ಮೇಲೆ ವಾಪಸ್ಸು ಬಂದ.

ಮುಂದಿನ ದಸರಾ ಮುಗಿಸಿ ಬಂದಾಗ ಅವನು ಅರ್ಧ ಆಳಾಗಿದ್ದ. ಊಟಕ್ಕೆ ಕೂತವನು ಮುದ್ದೆ ಮುರಿಯದೆ ಹೇಳಿದ, "ನಿಮ್ಮವ್ವ ಸಭೆಗೆ ಬಂದಿದ್ಲು."

ಹಿರಿಯೂರಿನ ಮೆಂಬರು ಜ್ವರವೆಂದು ಬಂದಿರಲಿಲ್ಲವಂತೆ. ಪಕ್ಕದ ಆ ಖಾಲಿ ಕುರ್ಚಿಯಲ್ಲಿ ಅವ್ವ ಕೂತಿದ್ದಳಂತೆ. ನಾವು ಕೂರಿಸಿದ ಹಾಗೆಯೇ ಚಕ್ಕಲಮಕ್ಕಲ ಹಾಕಿಕೊಂಡು, ಎಡಗೈ ಅಂಗೈ ಮೇಲಾಗಿ. ಸೆರಗಿನಿಂದ ನೀರು ತೊಟ್ಟಿಕ್ಕುತ್ತಿತ್ತಂತೆ. ಅವಳ ಹಿಂದಿನ ಸಾಲಿನಲ್ಲಿ ಪ್ಲೇಗಿನ ವರ್ಷ ಹೋದವರು. "ಹೊಸದುರ್ಗ ತಾಲ್ಲೂಕು" ಎಂದು ಕೂಗಿದಾಗ ಅಪ್ಪ ಎದ್ದನಂತೆ. ಅವರೆಲ್ಲ ಅವನ ಬಾಯನ್ನೇ ನೋಡಿದರಂತೆ. ಅವನು ಯಾವುದೋ ಸೇತುವೆಯ ವಿಷಯ ಹೇಳಿ ಕೂತನಂತೆ.

"ಭ್ರಮೆ ಕಣಪ್ಪಾ" ಎಂದೆ. ಆಮೇಲೆ ದಿಲಾವರ್ ಸಾಬರು ಹೊಲಿದ ಆ ಕರಿ ಕೋಟನ್ನು ಮಡಿಚಿಡಲು ಎತ್ತಿಕೊಂಡೆ. ಅದರ ಎಡಮಗ್ಗುಲಿನ ತುದಿ ಒದ್ದೆಯಾಗಿತ್ತು. ಹಿಂಡಿದರೆ ಬೆರಳಿಗೆ ಹೊಳೆಯ ಮೆಕ್ಕಲು ಮಣ್ಣು ಹತ್ತಿತು. ರೈಲಿನಲ್ಲಿ ಎರಡು ದಿನ, ಗಾಡಿಯಲ್ಲಿ ಅರ್ಧ ದಿನ ಬಂದರೂ ಅದು ಒಣಗಿರಲಿಲ್ಲ. ನಾನು ಅದನ್ನು ಅಪ್ಪನಿಗೆ ಹೇಳಲಿಲ್ಲ.

ಮೂರು ವರ್ಷ ಹೀಗೇ ನಡೆಯಿತು. ಪ್ರತಿ ದಸರಾಕ್ಕೂ ಅವಳು ಬರುತ್ತಿದ್ದಳು. ಹಿರಿಯೂರಿನವರು ಬಂದು ಕೂತಿದ್ದರೆ ಅಪ್ಪನ ಕಾಲ ಹತ್ತಿರ ನೆಲದ ಮೇಲೆ ಕೂರುತ್ತಿದ್ದಳಂತೆ. ಅಪ್ಪ ಮೆಂಬರಿಕೆ ಬಿಡುತ್ತೇನೆ ಎಂದರೆ ಜನ ಬಿಡಲಿಲ್ಲ. ಅವರು ಒಬ್ಬರಾದರೂ ಅವನ ಮುಖಕ್ಕೆ ಉಗುಳಿದ್ದರೆ ಅವನು ಬದುಕಿಕೊಳ್ಳುತ್ತಿದ್ದನೇನೋ. ಅವರು ಹಾರ ಹಾಕಿದರು.

ನಾಲ್ಕನೆಯ ವರ್ಷ ಅವನು ಮೈಸೂರಿಗೆ ಹೋಗಲಿಲ್ಲ. ದಸರಾ ಹೊತ್ತಿನ ಮಾರ್ನಮಿಯಲ್ಲಿ ಹಿರಿಯರಿಗೆ ಎಡೆ ಇಡುವುದು ನಮ್ಮ ಪದ್ಧತಿ. ಸಮಾಧಿ ಮುಳುಗಿದ ಮೇಲೆ ಊರವರು ನೀರಿನ ದಡದಲ್ಲೇ ಎಲೆ ಹಾಕಿ ಎಡೆ ಇಡುತ್ತಿದ್ದರು. ಆ ದಿನ ಎಲ್ಲರೂ ಸೇರಿದಾಗ, ಅಪ್ಪ ಕೋಟಿನ ಜೇಬಿನಿಂದ ಆ ಹಳೇ ಹುಕುಂ ತೆಗೆದು ನನ್ನ ಕೈಗೆ ಕೊಟ್ಟ.

"ಇವತ್ತು ಪೂರ್ತಿ ಓದು ಮಗಳೆ. ಅವರಿಗೂ ಕೇಳಂಗೆ ಓದು" ಎಂದು ನೀರಿನ ಕಡೆ ಕೈ ಮಾಡಿದ.

ನನ್ನ ಎದೆ ಹಗುರಾಯಿತು. ಕೊನೆಗೂ ಹೇಳುತ್ತಾನಲ್ಲ ಎಂದು ಅವನ ಮೇಲೆ ಅಭಿಮಾನ ಉಕ್ಕಿತು. ನಾನು ನೀರಿಗೆ ಮುಖ ಮಾಡಿ ಮೊದಲ ಪ್ಯಾರಾ ಓದಿದೆ, ನಿಲ್ಲಿಸದೆ ಎರಡನೆಯದನ್ನೂ ಓದಿದೆ. ಮಟ್ಟದಲ್ಲಿ ಬದಲಾವಣೆ ಇಲ್ಲ. ಮರಡಿಯಲ್ಲಿ ಎರಡು ಎಕರೆ. ನೀರು ಬರುವುದರೊಳಗೆ ಸಾಗಿಸಿಕೊಳ್ಳತಕ್ಕದ್ದು.

ಬಸಮ್ಮ ಮುಂದೆ ಬಂದಳು. ಅವಳ ಇಬ್ಬರು ಗಂಡುಮಕ್ಕಳು ಪ್ಲೇಗಿನ ವರ್ಷ ಅಲ್ಲಿ ಕೂತವರು. "ಇದು ಅವತ್ತೇ ಇತ್ತಾ ಈ ಕಾಗದದಾಗೆ?" ಎಂದು ಕೇಳಿದಳು.

"ಇತ್ತು" ಎಂದೆ.

"ಅವತ್ತು ಓದಿದೋಳು ನೀನೇ ಅಲ್ವೇನೆ?"

"ನಾನೇ."

"ಅಯ್ಯೋ ಪಾಪಿಷ್ಠಿ! ಓದದೆ ನುಂಗ್ಕೊಂಡ್ಯಾ?"

ಅಲ್ಲಿಗೆ ಬಾಯಿಗಳು ತೆರೆದುಕೊಂಡವು. ಗಂಡನನ್ನು ತಿಂದವಳು ಎಂದರು. ಹೆಣ್ಣಿನ ಕೈಗೆ ಕಾಗದ ಕೊಟ್ಟರೆ ಇನ್ನೇನಾಗುತ್ತದೆ ಎಂದರು. ಪಾಪ, ಗೌಡ್ರಿಗೂ ಗೊತ್ತಾಗದ ಹಾಗೆ ಮುಚ್ಚಿಟ್ಟಳಲ್ಲ, ಹೆತ್ತ ತಾಯಿಯನ್ನೇ ನೀರಿಗೆ ಕೊಟ್ಟಳಲ್ಲ ಎಂದರು. ಯಾರೋ ಮಣ್ಣಿನ ಹೆಂಟೆ ಎಸೆದರು, ಅದು ನನ್ನ ಭುಜಕ್ಕೆ ಬಡಿಯಿತು. ನಾನು ಅಪ್ಪನ ಕಡೆ ತಿರುಗಿದೆ.

ಜುಂಜಯ್ಯ ಕುರಿ ಬಿಟ್ಟು ಗುಂಪಿನೊಳಗೆ ಬಂದಿದ್ದ. ಅವನೊಬ್ಬನೇ ಕೇಳಿದ, "ಗೌಡ್ರೆ, ನೀವೇನಂತೀರಿ? ನಿಮಗೆ ಗೊತ್ತಿತ್ತೋ ಇಲ್ಲೋ?"

ಎಲ್ಲರೂ ಅಪ್ಪನ ಬಾಯನ್ನೇ ನೋಡಿದರು. ಮೈಸೂರಿನಲ್ಲಿ ತಾಲ್ಲೂಕಿನ ಹೆಸರು ಕೂಗಿದ ಹಾಗಿತ್ತು. ಅಪ್ಪ ಒಂದು ಹೆಜ್ಜೆ ಮುಂದೆ ಬಂದ, ಕೋಟು ಸರಿಮಾಡಿಕೊಂಡ, ಬಾಯಿ ತೆರೆದ. ಇಷ್ಟು ವರ್ಷ ಎಲ್ಲರ ಪರವಾಗಿ ಮಾತಾಡಿದ ಬಾಯಿ ಅದು. ನಾನು ಕಾದೆ. ಅವನು ನನ್ನನ್ನು ನೋಡಿದ. ಆಮೇಲೆ ಅಂದು ಚಾವಡಿಯಲ್ಲಿ ಮಾಡಿದ ಹಾಗೆಯೇ ನನ್ನ ಕೈಯ ಕಾಗದದ ಮೇಲೆ ಅಂಗೈ ಇಟ್ಟ.

"ಹೋಗ್ಲಿ ಬಿಡ್ರಿ. ಏನೋ ತಿಳೀದ ಹುಡುಗಿ" ಎಂದ.

ಅವನ ದೊಡ್ಡ ಗುಣಕ್ಕೆ ಜನ ಕಣ್ಣೊರೆಸಿಕೊಂಡರು.

ಮರುವರ್ಷ ಅವನು ಮೈಸೂರಿಗೆ ಹೋಗಿ ಬಂದ. ಮುಖ ತಿಳಿಯಾಗಿತ್ತು, ಎರಡು ಮುದ್ದೆ ಉಂಡ. "ಈ ಸಲ ಬರಲಿಲ್ಲ ಕಣೆ" ಎಂದ. ಯಾರೆಂದು ನಾನು ಕೇಳಲಿಲ್ಲ. ಕೋಟು ಮುಟ್ಟಿ ನೋಡಿದೆ, ಗರಿಗರಿಯಾಗಿ ಒಣಗಿತ್ತು. ಅದಾದ ಮೇಲೆ ಎರಡು ವರ್ಷ ಬದುಕಿದ, ಸುಖವಾಗಿ ನಿದ್ದೆ ಮಾಡಿದ. ಈಗ ಊರಿನ ರುದ್ರಭೂಮಿ ಮರಡಿಯ ಮೇಲಿದೆ. ಅವನನ್ನು ಅಲ್ಲಿ ಒಣ ನೆಲದಲ್ಲಿ ಕೂರಿಸಿ ಬಂದರು.

ಅವ್ವ ಈಗ ನನ್ನ ಹತ್ತಿರ ಬರುತ್ತಾಳೆ. ಮಾರ್ನಮಿಗೆ ಕಾಯುವುದಿಲ್ಲ, ಬೆಳಗಿನ ಹೊತ್ತು ಒಲೆ ಹಚ್ಚಿ ತಿರುಗಿದರೆ ಬಾಗಿಲ ಬಳಿ ಕೂತಿರುತ್ತಾಳೆ. ನೆಲ ಒದ್ದೆಯಾಗುತ್ತದೆ, ನಾನು ಒರೆಸುತ್ತೇನೆ. ಬಯ್ಯುವುದಿಲ್ಲ, ಅಳುವುದಿಲ್ಲ. "ಕಾಗದದಾಗೆ ಏನು ಬರದೈತೆ, ಓದು" ಎನ್ನುತ್ತಾಳೆ. ನಾನು ಪೆಟ್ಟಿಗೆಯಿಂದ ಹುಕುಂ ತೆಗೆದು ಎರಡೂ ಪ್ಯಾರಾ ಪೂರ್ತಿ ಓದುತ್ತೇನೆ. ಕೊನೆಯ ಅಕ್ಷರದವರೆಗೂ ಕೇಳಿಸಿಕೊಳ್ಳುತ್ತಾಳೆ. ಮುಗಿದ ಮೇಲೆ ಅಂದು ಗುಡಿಸಲಿನಲ್ಲಿ ಕೇಳಿದ ಹಾಗೆಯೇ, ನನ್ನನ್ನು ನಂಬಿಕೊಂಡೇ ಕೇಳುತ್ತಾಳೆ.

"ಅಲ್ಲಿಗೆ ನೀರು ಬರಲ್ಲ ತಾನೆ?"